ನಿನ್ನ ಕಥೆಯ ಮಾವನ ಪರವಾಗಿ

ಪ್ರಿಯ ಗೆಳೆಯಾ,

ನಿನ್ನ ಚಿತ್ರಕಥೆ ಓದಿದೆ. ಮಾತುಗಳು ಚೆನ್ನಾಗಿವೆ. ಆದರೆ ಸೊಸೆ ಕೆಲಸಕ್ಕೆ ಹೋಗುವುದು ಬೇಡ ಅನ್ನುವ ಆ ಮಾವ ಬಾಯಿ ತೆರೆಯುವ ಮೊದಲೇ ಕೆಟ್ಟವನು ಅಂತ ಗೊತ್ತಾಗಿಬಿಡುತ್ತದೆ. ಆಮೇಲೆ ಅವನು ಏನು ಮಾಡಿದರೂ ಕುತೂಹಲ ಹುಟ್ಟುವುದಿಲ್ಲ.

ಇರಾನಿನ ನಿರ್ದೇಶಕ ಅಸ್ಗರ್ ಫರ್ಹಾದಿ ಅವರ 2011ರ ಸಿನಿಮಾ ‘ಎ ಸೆಪರೇಷನ್’ ನೋಡಿದ್ದೀಯಾ? ನೋಡಿದ್ದರೂ ಇನ್ನೊಮ್ಮೆ ನೋಡು. ಮೊದಲ ದೃಶ್ಯದಲ್ಲಿ ಗಂಡ ಹೆಂಡತಿ ಕ್ಯಾಮೆರಾ ಕಡೆ ಮುಖ ಮಾಡಿ ಕೂತು ವಾದ ಮಾಡುತ್ತಾರೆ. ನ್ಯಾಯಾಧೀಶರ ದನಿ ಮಾತ್ರ ಕೇಳುತ್ತದೆ. ಅವರ ಕುರ್ಚಿಯಲ್ಲಿ ಕೂತಿರುವವರು ನಾವೇ. ಮಗಳಿಗೋಸ್ಕರ ದೇಶ ಬಿಡೋಣ ಅನ್ನುತ್ತಾಳೆ ಸಿಮಿನ್. ಮರೆವಿನ ಕಾಯಿಲೆಯ ಅಪ್ಪನನ್ನು ಬಿಟ್ಟು ಹೇಗೆ ಬರಲಿ ಅನ್ನುತ್ತಾನೆ ನಾದೆರ್. ನೀನು ಮಗ ಅನ್ನುವುದೇ ಅವರಿಗೆ ಗೊತ್ತಿಲ್ಲವಲ್ಲ ಎಂದರೆ, ಅವರು ನನ್ನ ಅಪ್ಪ ಅಂತ ನನಗೆ ಗೊತ್ತಿದೆಯಲ್ಲ ಅನ್ನುತ್ತಾನೆ. ಈಗ ಹೇಳು, ತಪ್ಪು ಯಾರದು?

ಆಮೇಲೆ ಬರುತ್ತಾಳೆ ಮನೆಕೆಲಸದ ರಜಿಯೆ, ಬಸುರಿ. ನಾದೆರ್‌ನ ಮುದಿ ಅಪ್ಪ ರಸ್ತೆಗೆ ಇಳಿದಾಗ ಹಿಂದೆಯೇ ಓಡುತ್ತಾಳೆ. ದೃಶ್ಯ ಅಲ್ಲಿಗೇ ಕಟ್. ಅಲ್ಲಿ ಏನಾಯ್ತು ಅಂತ ತಿಳಿಯುವಷ್ಟರಲ್ಲಿ ನಾವು ಎಲ್ಲರ ಮೇಲೂ ತೀರ್ಪು ಕೊಟ್ಟು, ವಾಪಸ್ ತಗೊಂಡೂ ಆಗಿರುತ್ತದೆ. ಸುಮ್ನೆ ಸಸ್ಪೆನ್ಸ್‌ಗೆಂದು ಬಚ್ಚಿಟ್ಟಿದ್ದರೆ ನನಗೆ ಸಿಟ್ಟು ಬರುತ್ತಿತ್ತು. ಇಲ್ಲಿ ಬಚ್ಚಿಡುವುದಕ್ಕೆ ಪಾತ್ರಗಳಿಗೇ ಕಾರಣ ಇದೆ. ಅವಳ ಗಂಡನ ತಲೆ ಮೇಲೆ ಸಾಲ. ಅವಳ ಗರ್ಭಪಾತಕ್ಕೆ ತಾನೇ ಕಾರಣ ಎಂಬ ಆರೋಪ ಹೊತ್ತ ನಾದೆರ್‌ಗೆ ಜೈಲಿನ ಭಯ. ಸುಳ್ಳು ಹೇಳುವವರೆಲ್ಲ ಒಳ್ಳೆಯವರೇ!

ಈ ಕೈ ಪಳಗಲು ಸಮಯ ಹಿಡಿದಿದೆ. 1972ರಲ್ಲಿ ಇಸ್ಫಹಾನ್ ಪ್ರಾಂತ್ಯದಲ್ಲಿ ಹುಟ್ಟಿದ ಫರ್ಹಾದಿ ಟೆಹರಾನಿನಲ್ಲಿ ನಾಟಕ ಓದಿದರು. ರೇಡಿಯೊಗೆ ನಾಟಕ, ಟಿವಿಗೆ ಧಾರಾವಾಹಿ ಬರೆದರು. ಮೊದಲ ಸಿನಿಮಾ 2003ರಲ್ಲಿ. ‘ಎ ಸೆಪರೇಷನ್’ ಐದನೆಯದು. ಅದಕ್ಕೆ ಬರ್ಲಿನ್ ಚಿತ್ರೋತ್ಸವದ ದೊಡ್ಡ ಪ್ರಶಸ್ತಿ ಗೋಲ್ಡನ್ ಬೇರ್ ಬಂತು, 2012ರಲ್ಲಿ ಆಸ್ಕರ್ ಬಂತು. ಐದು ವರ್ಷದ ಬಳಿಕ ‘ದಿ ಸೇಲ್ಸ್‌ಮನ್’ಗೆ ಇನ್ನೊಂದು ಆಸ್ಕರ್. ಇರಾನ್ ಸೇರಿ ಕೆಲವು ದೇಶದವರ ಮೇಲೆ ಅಮೆರಿಕ ಹೇರಿದ್ದ ಪ್ರಯಾಣ ನಿಷೇಧವನ್ನು ವಿರೋಧಿಸಿ ಅದನ್ನು ತಗೊಳ್ಳಲು ಅವರು ಹೋಗಲೇ ಇಲ್ಲ. ಸ್ಪೇನ್‌ನಲ್ಲಿ ಮಾಡಿದ ಚಿತ್ರ ಮಾತ್ರ ನನಗೆ ಅಷ್ಟು ಹಿಡಿಸಲಿಲ್ಲ. ಅದರಲ್ಲಿ ಗುಟ್ಟು ಜಾಸ್ತಿ, ಮನುಷ್ಯರು ಕಡಿಮೆ.

ನಿನ್ನ ವಿಷಯಕ್ಕೆ ಬರುತ್ತೇನೆ. ಮಾವನ ಪರವಾಗಿ ಎರಡು ಪುಟ ಬರೆ, ಅವನ ವಕೀಲ ನೀನೇ ಅಂದುಕೊಂಡು. ಅದು ಸಿನಿಮಾದಲ್ಲಿ ಬರಬೇಕಾಗಿಲ್ಲ. ಸೊಸೆ ಕೆಲಸಕ್ಕೆ ಹೋಗುವುದು ಬೇಡ ಅನ್ನುವಾಗ ಅವನಿಗೆ ಯಾವುದರ ಹೆದರಿಕೆ? ಅದು ನನಗೂ ಹೌದು ಅನ್ನಿಸಬೇಕು. ಆಮೇಲೆ ಅವನು ಅವಳ ಕಪಾಳಕ್ಕೆ ಹೊಡೆಯುವ ದೃಶ್ಯ ಬೇಕೋ ಬೇಡವೋ ನೋಡು. ನನ್ನ ಕೇಳಿದರೆ, ಬಾಗಿಲಾಚೆ ನಿಂತ ಮಗನಿಗೆ ಸದ್ದು ಕೇಳಿಸಿದರೆ ಸಾಕು. ಅವನು ಒಳಗೆ ಬಂದು ಏನು ಕೇಳುತ್ತಾನೆ, ಯಾರನ್ನು ಮೊದಲು ಕೇಳುತ್ತಾನೆ ಅಂತ ಬರೆದು ಕಳಿಸು.

ಪ್ರೀತಿಯಿಂದ,
ನಿನ್ನ ಹಳೆಯ ಓದುಗ