ಆ ಸಂಜೆಯನ್ನು ಬರೆದು ಕಳಿಸು

ಧಾರವಾಡ

ಪ್ರೀತಿಯ ತಂಗಿ,

ನಿನ್ನ ಕಾದಂಬರಿಯ ಕಟ್ಟು ಬಂದು ಮೂರು ವಾರ ಆಯ್ತು. ಜೊತೆಗಿದ್ದ ಚೀಟಿಯನ್ನು ಮೊದಲು ಓದಿದೆ. ‘ನೀವು ಚೆನ್ನಾಗಿಲ್ಲ ಅಂದ್ರೆ ಸುಟ್ಟುಬಿಡ್ತೀನಿ ಮೇಡಂ’ ಅಂತ ಬರೆದಿದ್ದೀಯ. ಇಂಥ ಮಾತು ಇನ್ನೊಮ್ಮೆ ಬರೀಬೇಡ. ಎರಡು ವರ್ಷ ಕೂತು ಬರೆದದ್ದನ್ನು ಯಾರೋ ಒಬ್ಬರ ಬಾಯಿಗೆ ಕೊಡಬಾರದು. ಮೇಡಂ ಅನ್ನೋದೂ ಬೇಡ. ಅಕ್ಕ ಅನ್ನು, ಸಾಕು.

ಪ್ರಕಾಶಕರು ಯಾರು, ಅಧ್ಯಾಯ ಎಷ್ಟುದ್ದ ಇರಬೇಕು ಅಂತೆಲ್ಲ ಕೇಳಿದ್ದೀಯ. ಅದನ್ನು ಯಾರಾದರೂ ಹೇಳಿಕೊಡುತ್ತಾರೆ. ನನಗೆ ಬೇರೆ ಮಾತಿದೆ.

ನಿನ್ನ ಸಿದ್ಧಾಂತ ನನಗೆ ಇಷ್ಟವಾಯಿತು. ತಾನ್‌ಸೇನ್ ದೀಪಕ್ ರಾಗ ಹಾಡಿದ, ದೀಪ ಹೊತ್ತಿಕೊಂಡಿತು. ಮುತ್ತುಸ್ವಾಮಿ ದೀಕ್ಷಿತರು ಎಟ್ಟಯಪುರದಲ್ಲಿ ಅಮೃತವರ್ಷಿಣಿ ರಾಗ ಹಾಡಿದರು, ಮಳೆ ಬಂತು. ಈ ಕಥೆಗಳನ್ನು ಕೇಳಿಕೊಂಡೇ ನಾವೆಲ್ಲ ಬೆಳೆದದ್ದು. ನೀನು ಅವನ್ನು ತಿರುವಿ ಹಾಕಿದ್ದೀಯ. ದೀಪ ಮೊದಲು ಹೊತ್ತಿತು, ಅದಕ್ಕೇ ಅವನು ಹಾಡಲೇಬೇಕಾಯಿತು. ಲಯ ಸರಿಯಾಗಿ ಕೂತರೆ ಫಲ ಮೊದಲು ಬರುತ್ತದೆ, ಕಾರಣ ಆಮೇಲೆ ಹುಟ್ಟುತ್ತದೆ ಅನ್ನುತ್ತಾನೆ ನಿನ್ನ ತಬಲಾ ಮಾಸ್ತರ. ಒಳ್ಳೇ ಯೋಚನೆ. ಆದರೆ ಅದನ್ನು ನಂಬಿಸೋಕೆ ಹೋಗಿ ಕ್ವಾಂಟಂ, ಕಂಪನ, ಕಾಲಚಕ್ರ ಅಂತ 40 ಪುಟ ತುಂಬಿಸಿದ್ದೀಯಲ್ಲ, ಯಾಕೆ? ಅಷ್ಟೂ ಬೇರೆಯವರ ಮಾತು. ನೀನು ಕಿವಿಯಾರೆ ಕೇಳಿದ್ದು ಅದರಲ್ಲಿ ಒಂದೂ ಇಲ್ಲ.

ನಿನಗೆ ಬೇಕಾದದ್ದು ತಬಲಾದ ತಿಹಾಯಿಯಲ್ಲೇ ಇತ್ತು, ಒಂದೇ ತುಣುಕನ್ನು ಮೂರು ಸಲ ಬಾರಿಸಿ ಮುಗಿಸುವುದರಲ್ಲಿ. ತೀನ್‌ತಾಲ ಅನ್ನೋ ತಾಳದ ಒಂದು ಸುತ್ತಿಗೆ 16 ಮಾತ್ರೆ, ಅಂದರೆ 16 ಎಣಿಕೆ. ‘ತಿಟ ಕತ ಧಾ’ ಅಂತ 3 ಮಾತ್ರೆಯ ಬೋಲ್, ಅಂದರೆ ತಬಲಾದ ನುಡಿ, ತಗೋ. ಅದನ್ನು ಮೂರು ಸಲ ಬಾರಿಸಬೇಕು, ಕೊನೆಯ ಧಾ ಮುಂದಿನ ಸುತ್ತಿನ ಮೊದಲ ಮಾತ್ರೆ, ಅಂದರೆ ಸಮ್ ಮೇಲೆ ಬೀಳಬೇಕು. ಎಲ್ಲಿಂದ ಎತ್ತಿಕೊಳ್ಳುತ್ತೀಯ? 9ನೇ ಮಾತ್ರೆಯಿಂದ, ಸರಿಯಾಗಿ ಖಾಲಿಯಿಂದ, ಅಂದರೆ ಚಪ್ಪಾಳೆ ತಟ್ಟದೆ ಕೈ ಬೀಸುವ ಮಾತ್ರೆಯಿಂದ. 8ರಿಂದ ಎತ್ತಿದರೆ ಮೊದಲೇ ಮುಗಿದುಹೋಗುತ್ತದೆ, 10ರಿಂದ ಎತ್ತಿದರೆ ಸಮ್ ದಾಟಿಬಿಡುತ್ತದೆ. ಅಂದರೆ ಇನ್ನೂ ಬೀಳದ ಪೆಟ್ಟು ಈಗಿನ ಪೆಟ್ಟನ್ನು ಗೊತ್ತುಮಾಡುತ್ತಿದೆ. ನಮ್ಮ ಓಣಿಯಲ್ಲಿ ತಬಲಾ ಕಲಿಯುವ ಹುಡುಗರು ಬೆರಳು ಮಡಚಿಕೊಂಡು ಕೊನೆಯಿಂದ ಹಿಂದಕ್ಕೆ ಎಣಿಸುವುದನ್ನು ದಿನಾ ನೋಡುತ್ತೇನೆ. ಸಮ್ ಬಿದ್ದಾಗ ಕೂತವರ ತಲೆಯೆಲ್ಲ ಒಟ್ಟಿಗೆ ತೂಗುತ್ತದೆ. ಆ ಪೆಟ್ಟು ಎಲ್ಲಿ ಬೀಳುತ್ತದೆ ಅಂತ ಅವರ ಮೈಗೆ ಮೊದಲೇ ಗೊತ್ತಿರುತ್ತದೆ. ಮಾಸ್ತರ ಇಷ್ಟು ತೋರಿಸಿದ್ದರೆ ನಾನು ಮುಂದಿನದನ್ನೆಲ್ಲ ನಂಬುತ್ತಿದ್ದೆ.

ನಿನಗೆ ಕೇಳಿಸಿಕೊಳ್ಳೋಕೆ ಬರುತ್ತದೆ, ಅದಕ್ಕೇ ಸಿಟ್ಟು ನನಗೆ. 23ನೇ ಪುಟದಲ್ಲಿ ಅಣ್ಣ ತಬಲಾ ಶ್ರುತಿ ಮಾಡುತ್ತಾನೆ. ಸಣ್ಣ ಸುತ್ತಿಗೆಯಿಂದ ಅಂಚಿಗೆ ಒಂದು ತಟ್ಟು, ಬೆರಳಿಂದ ‘ನಾ’ ಅಂತ ಒಂದು ಪೆಟ್ಟು, ತಲೆ ಬಗ್ಗಿಸಿ ಕೇಳುವುದು, ತಬಲಾ ತಿರುಗಿಸಿ ಮತ್ತೆ ತಟ್ಟುವುದು. ಅಡುಗೆಮನೆಯಲ್ಲಿ ತಂಗಿ ಒಗ್ಗರಣೆ ಹಾಕದೆ ಕಾಯುತ್ತಾಳೆ, ಸಾಸಿವೆ ಸಿಡಿದರೆ ಅವನಿಗೆ ಶ್ರುತಿ ಕೇಳಿಸಲ್ಲ ಅಂತ. ಅವನು ಹೋದಮೇಲೆ ಬಾರಿಸುವಾಗ ಕೈಗೆ ಹಚ್ಚುತ್ತಿದ್ದ ಪೌಡರ್ ಡಬ್ಬಿಯ ಮುಚ್ಚಳದ ಮೇಲೆ ಅವನ ಬೆರಳಿನ ಗುರುತು ಹಾಗೇ ಉಳಿದಿರುತ್ತದೆ. ಓದುತ್ತಾ ಪುಸ್ತಕ ಕೆಳಗಿಟ್ಟು ಎದ್ದು ಹೋದೆ.

ಆಮೇಲೆ ಅವಳು ಮಾಸ್ತರನ ಆ ಲಯ ಕಲಿತು, ಬಾರಿಸಿ, ಬೈಕ್ ಅಪಘಾತದಲ್ಲಿ ಸತ್ತ ಅಣ್ಣನನ್ನು ವಾಪಸ್ ತರುತ್ತಾಳೆ. ಇಲ್ಲೊಂದು ಗಂಟಿದೆ. ಅವನು ಸತ್ತಿದ್ದಕ್ಕೇ ಅವಳು ತಬಲಾ ಮುಟ್ಟಿದ್ದು. ಅವನು ಬದುಕಿಬಿಟ್ಟರೆ ಅವಳು ಯಾಕೆ ಬಾರಿಸುತ್ತಾಳೆ? ಬಾರಿಸದಿದ್ದರೆ ಅವನು ಹೇಗೆ ಬರುತ್ತಾನೆ? ನಿನಗೂ ಇದು ಹೊಳೆದಿದೆ. ಹೊಳೆದೂ ‘ಕಾಲಚಕ್ರ ತಿರುಗಿತು’ ಅಂತ ಒಂದೇ ಸಾಲಲ್ಲಿ ದಾಟಿದ್ದೀಯ.

ಇನ್ನೂ ಒಂದನ್ನು ದಾಟಿದ್ದೀಯ. 31ನೇ ಪುಟದ ಕೊನೆಯ ಸಾಲು: ‘ಅವತ್ತು ಸಂಜೆ ಮನೆಯಲ್ಲಿ ಯಾರೂ ಮಾತಾಡಿರಲಿಲ್ಲ.’ ಮುಂದೆ ಆ ಸಂಜೆಯ ಸುದ್ದಿಯೇ ಇಲ್ಲ. ಕೊನೆಯಲ್ಲಿ ಮಾತ್ರ ಅವನು ಸಂಗೀತ ಕಛೇರಿಗೆ ಅಂತ ಬೈಕ್ ತಗೊಂಡು ಹೋಗಿದ್ದ ಅನ್ನುತ್ತೀಯ. ಸುಳ್ಳು ಅಲ್ವಾ ಅದು? ಕಛೇರಿಗೆ ಹೊರಟವನ ತಬಲಾ ಮನೆಯಲ್ಲೇ ಇತ್ತಲ್ಲ.

ಕಾರಣವನ್ನು ಚೆಂದ ಮಾಡುವ ಆಸೆ ಎಲ್ಲರಿಗೂ ಇದೆ. ನಮ್ಮ ಬೆಳಗಾವಿ ಕಡೆಯ ಸುಳೇಭಾವಿಯ ಹಿಂದೂಸ್ತಾನಿ ಗಾಯಕ ಕುಮಾರ ಗಂಧರ್ವರಿಗೆ 1940ರ ದಶಕದ ಕೊನೆಗೆ ಕ್ಷಯ ಬಂತು. ಮಧ್ಯಪ್ರದೇಶದ ದೇವಾಸ್‌ನಲ್ಲಿ ವರ್ಷಗಟ್ಟಲೆ ಹಾಸಿಗೆ ಹಿಡಿದರು, ಹಾಡುವ ಹಾಗಿರಲಿಲ್ಲ. ಮಲಗಿದಲ್ಲೇ ಮಾಳವದ ಜನಪದ ಹಾಡು ಕಿವಿಗೆ ಬೀಳುತ್ತಿತ್ತು. ಆಮೇಲೆ ಅವರ ಗಾಯನದಲ್ಲಿ ಅದೆಲ್ಲ ಬಂತು. ಆ ಹಾಡಿಗಾಗಿಯೇ ಆ ಕಾಯಿಲೆ ಬಂದಿತ್ತು ಅಂತ ಭಾಷಣದಲ್ಲಿ ಹೇಳುವವರನ್ನು ನಾನು ಕೇಳಿದ್ದೇನೆ. ನನಗೆ ಮೈ ಉರಿಯುತ್ತದೆ. ಕಾಯಿಲೆ ಕಾಯಿಲೆಯೇ. ಸ್ಟ್ರೆಪ್ಟೊಮೈಸಿನ್ ಅನ್ನೋ ಔಷಧಿ ಬಂತು, ಅವರು ಎದ್ದರು, 1953ರಲ್ಲಿ ಮತ್ತೆ ಕಛೇರಿ ಮಾಡಿದರು.

ನಿನಗೆ ಇಷ್ಟು ಗಟ್ಟಿಯಾಗಿ ಹೇಳುವುದಕ್ಕೆ ಕಾರಣ ಇದೆ. ನಿನ್ನ ವಯಸ್ಸಿನಲ್ಲಿ ನಾನೊಂದು ಕಥೆ ಬರೆದೆ. ‘ಅಪ್ಪ ತೀರಿಕೊಂಡ ದಿನದಿಂದ ಅವ್ವ ಹಾಡಲಿಲ್ಲ’ ಅಂತ ಅದು ಶುರುವಾಗುತ್ತದೆ. ಬಹುಮಾನ ಬಂತು. ಓದಿದವರೆಲ್ಲ ಅತ್ತೆವು ಅಂದರು. ನಿಜ ಏನೆಂದರೆ ಅವ್ವ ಹಾಡು ಬಿಟ್ಟಾಗ ನನಗೆ ಆರು ವರ್ಷ. ಪಡಸಾಲೆಯಲ್ಲಿ ಯಾರೋ ನೆಂಟರು ಕೂತಿದ್ದರು. ಅವ್ವ ಒಳಗೆ ಹಾರ್ಮೋನಿಯಂ ನುಡಿಸುತ್ತಿದ್ದಳು. ಅಪ್ಪ ಬಂದು, ಅವಳ ಬೆರಳು ಇನ್ನೂ ಹಾರ್ಮೋನಿಯಂನ ಕೀಗಳ ಮೇಲಿರುವಾಗಲೇ ಮುಚ್ಚಳ ಹಾಕಿದ. ಬೈಯಲಿಲ್ಲ, ಏನೂ ಇಲ್ಲ. ಮರುದಿನ ಪೆಟ್ಟಿಗೆ ಅಟ್ಟ ಸೇರಿತು. ಅಪ್ಪ ತೀರಿಕೊಂಡದ್ದು ಅದಾದ ಹನ್ನೊಂದು ವರ್ಷಕ್ಕೆ. ಮೊದಲೇ ಆಗಿಹೋದ ಮೌನಕ್ಕೆ ಆಮೇಲಿನ ಸಾವನ್ನು ಕಾರಣ ಮಾಡಿದೆ ನಾನು. ನಿನ್ನ ಮಾಸ್ತರನ ಸಿದ್ಧಾಂತವನ್ನು ಲಯವಿಲ್ಲದೆ, ಬರೀ ಒಂದು ಸಾಲಿನಲ್ಲಿ ಮಾಡಿ ಮುಗಿಸಿದ್ದೆ.

ಅವ್ವ ಆ ಪತ್ರಿಕೆಯನ್ನು ಕನ್ನಡಕ ಹಾಕಿಕೊಂಡು, ಬೆಳಕಿಗೆ ಹಿಡಿದು, ಪೂರ್ತಿ ಓದಿದಳು. ‘ಛಲೋ ಬರ್ದೀ’ ಅಂದಳು. ಎದ್ದು ಒಳಗೆ ಹೋದಳು. ಅದಾದಮೇಲೆ ಒಂಬತ್ತು ವರ್ಷ ಬದುಕಿದ್ದಳು. ನಾನು ಬರೆದ ಬೇರೆ ಏನನ್ನೂ ಓದೋಕೆ ಕೇಳಲಿಲ್ಲ. ಆ ಮುಚ್ಚಳದ ಸದ್ದನ್ನು ಇವತ್ತಿನವರೆಗೆ ನನಗೆ ಬರೆಯೋಕೆ ಆಗಿಲ್ಲ.

ಹಾಗಾಗಿ ಆ ಸಂಜೆಯನ್ನು ಬರಿ. ಎರಡೇ ಪುಟ ಆಗಲಿ. ಯಾರು ಎಲ್ಲಿ ಕೂತಿದ್ದರು, ಒಲೆಯ ಮೇಲೆ ಏನಿತ್ತು, ಬೈಕಿನ ಕೀ ಯಾರ ಕೈಯಲ್ಲಿತ್ತು. ಇದು ನಿನ್ನ ಮನೆಯ ಕಥೆಯೋ ಅಲ್ಲವೋ ಅಂತ ನಾನು ಕೇಳುವುದಿಲ್ಲ. ಮಾಸ್ತರ ಇರಲಿ, ಅವನ ಲಯವೂ ಇರಲಿ. ಅವಳು ಬಾರಿಸಲಿ. ಯಾವ ಸಂಜೆಗೆ ವಾಪಸ್ ಹೋಗುತ್ತಿದ್ದೇನೆ ಅಂತ ಗೊತ್ತಿದ್ದು ಬಾರಿಸಲಿ.

ಕಟ್ಟನ್ನು ಪೋಸ್ಟಿನಲ್ಲಿ ಕಳಿಸುತ್ತಿಲ್ಲ. ನೀನು ಸುಟ್ಟುಗಿಟ್ಟೀಯ ಅಂತ ಹೆದರಿಕೆ. ನನ್ನ ಕಪಾಟಿನಲ್ಲಿದೆ, 23ನೇ ಪುಟಕ್ಕೆ ಗುರುತು ಇಟ್ಟಿದ್ದೇನೆ. ಆ ಎರಡು ಪುಟ ತಗೊಂಡು ಬಾ, ಇದನ್ನು ಒಯ್ಯಿ. ಊಟಕ್ಕೆ ಇಲ್ಲೇ ಇರು.

ನಿನ್ನ
ಅಕ್ಕ