ಕೊಂದವನೊಬ್ಬ, ಊರು ಬಿಡುವವರು ಹಲವರು

ಮಾನ್ಯರೇ,

ಅರಬ್ ಬುಡಕಟ್ಟುಗಳ ನ್ಯಾಯವೆಂದರೆ ಬರೀ ಸೇಡು ಎಂದುಕೊಂಡವರೇ ನಮ್ಮಲ್ಲಿ ಹೆಚ್ಚು. ಜೋರ್ಡಾನ್‌ನಲ್ಲಿ ಕೊಲೆಯಾದರೆ ಹಿರಿಯರು ಮೊದಲು ಕುದುರಿಸುವುದು ‘ಅತ್ವಾ’, ಅಂದರೆ ಇಷ್ಟು ದಿನವೆಂದು ಗೊತ್ತುಮಾಡಿದ ಕದನವಿರಾಮ. ರಾಜಿಗೆಂದು ‘ಜಾಹಾ’ ಎಂಬ ಗಣ್ಯರ ನಿಯೋಗ ಸಂತ್ರಸ್ತರ ಮನೆಗೆ ಹೋಗುತ್ತದೆ. ಮುಂದಿಟ್ಟ ಕಾಫಿಯನ್ನು ಮುಖಂಡ ಮುಟ್ಟುವುದಿಲ್ಲ. ಮನೆಯವರು ಕೋರಿಕೆಗೆ ಒಪ್ಪಿದ ಮೇಲೆಯೇ ಮೊದಲ ಗುಟುಕು. ಸೊಗಸಾದ ಪದ್ಧತಿ, ಒಪ್ಪೋಣ. ಆದರೆ ‘ಜಲ್ವಾ’? ಕೊಲೆಗಾರನ ದಾಯಾದಿಗಳೂ ಮನೆ, ಕೆಲಸ, ಮಕ್ಕಳ ಶಾಲೆ ಬಿಟ್ಟು ಊರಾಚೆ ನಡೆಯಬೇಕು. ಬುಡಕಟ್ಟು ಕಾನೂನುಗಳು 1976ರಲ್ಲೇ ರದ್ದಾದರೂ ರೂಢಿ ಹೋಗಿಲ್ಲ. 2021ರಲ್ಲಿ ಸರ್ಕಾರ ಇದನ್ನು ಕೊಲೆಗಾರ, ಅವನ ತಂದೆ ಮತ್ತು ಮಕ್ಕಳಿಗಷ್ಟೇ ಸೀಮಿತಗೊಳಿಸಲು ಹೊರಟಿತು. ಆ ಮಕ್ಕಳನ್ನಾದರೂ ಏಕೆ ಸೇರಿಸಿದರೋ!

– ಓದುಗ, ಧಾರವಾಡ