ಯಾಣದಲ್ಲಿ ಹೆಜ್ಜೇನು ಕೆಣಕುವವರು

ಮಾನ್ಯರೇ,

ಮಳೆ ಹಿಂದೆ ಸರಿದು ಚಳಿ ಬಿದ್ದಿತೆಂದರೆ ಕುಮಟಾ ತಾಲ್ಲೂಕಿನ ಯಾಣಕ್ಕೆ ಪ್ರವಾಸಿಗರೂ ಬರುತ್ತಾರೆ, ಹೆಜ್ಜೇನೂ ಬರುತ್ತದೆ. ಇಬ್ಬರಿಗೂ ಬೇಕಿರುವುದು ಅದೇ ಕರಿಬಂಡೆ. ನಡುವೆ ಸಿಕ್ಕಿ ಒದ್ದಾಡುವವರು ಕಾಡಿನೊಳಗೆ ಚದುರಿದಂತೆ ಮನೆ ಮಾಡಿಕೊಂಡಿರುವ ಊರಿನ ಜನ.

ಸುಮಾರು 120 ಮೀಟರ್ ಎತ್ತರದ ಭೈರವೇಶ್ವರ ಶಿಖರದ ಬುಡದಲ್ಲಿ ನಿಂತು ಕತ್ತೆತ್ತಿದರೆ ಕಲ್ಲಿನ ಚಾಚಿನಡಿ ಕಪ್ಪಗೆ ಜೋತುಬಿದ್ದ ಹುಟ್ಟುಗಳು ಕಾಣುತ್ತವೆ. ಹೆಜ್ಜೇನಿನದು ಒಂದೇ ಎರಿ, ಅದಕ್ಕೆ ಪೊಟರೆಯ ಮರೆಯಿಲ್ಲ. ಹುಳಗಳೇ ಪದರಪದರವಾಗಿ ಮೈಗೆ ಮೈ ತಾಗಿಸಿಕೊಂಡು ಎರಿಯನ್ನು ಮುಚ್ಚಿರುತ್ತವೆ. ಕಣಜವೊಂದು ಹತ್ತಿರ ಸುಳಿದರೂ ಸಾಕು, ಈ ತುದಿಯಿಂದ ಆ ತುದಿಗೆ ಅಲೆಯೊಂದು ಸರ್ರನೆ ಹಾಯುತ್ತದೆ. ಅದು ‘ದೂರ ಇರು’ ಎಂಬ ಎಚ್ಚರಿಕೆ. ನೋಡಲು ಚೆಂದ, ಆದರೆ ಅದನ್ನು ನೋಡುವಷ್ಟು ಹೊತ್ತು ಸುಮ್ಮನೆ ನಿಲ್ಲುವವರು ಎಷ್ಟು ಮಂದಿ?

ಹುಟ್ಟಿಗೆ ಕಲ್ಲು ಬೀರುವವರಿದ್ದಾರೆ. ರೀಲ್ಸಿಗಾಗಿ ಡ್ರೋನ್ ಹಾರಿಸುವವರು, ಬಂಡೆಯ ಹತ್ತಿರವೇ ಕಸಕ್ಕೆ ಬೆಂಕಿ ಹಾಕಿ ಹೊಗೆ ಎಬ್ಬಿಸುವವರೂ ಇದ್ದಾರೆ. ‘ಸೊಕ್ಕಿದ್ದವ ಯಾಣಕ್ಕೆ, ರೊಕ್ಕಿದ್ದವ ಗೋಕರ್ಣಕ್ಕೆ’ ಎಂಬ ಗಾದೆ ಹುಟ್ಟಿದ್ದು ಕಾಡು ಹಾದಿ ಸವೆಸಿ ಹೋಗಬೇಕಿದ್ದ ಕಾಲದಲ್ಲಿ. ಈಗ ಕಾರು ಹತ್ತಿರದವರೆಗೂ ಬರುತ್ತದೆ, ಸೊಕ್ಕೂ ಕಾರಿನಲ್ಲೇ ಬರುತ್ತಿದೆ.

ಒಂದು ಹುಳ ಚುಚ್ಚಿದರೆ ಆ ಜಾಗದಿಂದ ಹೊರಡುವ ವಾಸನೆಯೇ ಉಳಿದವುಗಳನ್ನು ಕರೆಯುತ್ತದೆ. ಕೆಣಕಿದವರು ಓಡಿ ಕಾರಿನ ಗಾಜು ಏರಿಸಿಕೊಳ್ಳುತ್ತಾರೆ. ದೇವಸ್ಥಾನದ ಅರ್ಚಕರು, ಅಂಗಡಿ ಇಟ್ಟವರು, ಹಿಂದಿನಿಂದ ಮೆಟ್ಟಿಲು ಹತ್ತುತ್ತಿರುವ ವಯಸ್ಸಾದವರು ಎಲ್ಲಿಗೆ ಓಡಬೇಕು? ಅಲರ್ಜಿ ಇರುವವರ ಜೀವ ನಿಮಿಷಗಳಲ್ಲೇ ಹೋಗಬಹುದು. ತಾಲ್ಲೂಕು ಆಸ್ಪತ್ರೆ ಇರುವುದು ಘಟ್ಟದ ಕೆಳಗೆ ಕುಮಟಾದಲ್ಲಿ. (ಜಿಲ್ಲೆಗೊಂದು ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಕೊಡಿ ಎಂದು ಕೂಗಿ ಕೂಗಿ ನಮ್ಮ ಗಂಟಲು ಒಣಗಿದ ಕಥೆ ನಿಮ್ಮ ಓದುಗರಿಗೆ ಹೊಸದಲ್ಲ.)

ಹಾಗಾದರೆ ಹುಟ್ಟು ಕೀಳಿಸಿಬಿಡಿ ಎನ್ನುವವರೂ ಇದ್ದಾರೆ. ತೋಟ ಮಾಡುವವರು ಇದನ್ನು ಒಪ್ಪಲಾರರು. ಅಡಿಕೆಗೆ ಗಾಳಿ ಸಾಕಾದೀತು, ಆದರೆ ಅದರ ನೆರಳಲ್ಲಿ ಬೆಳೆಯುವ ಏಲಕ್ಕಿ ಕಾಯಿ ಕಟ್ಟಲು ಜೇನು ಬೇಕೇ ಬೇಕು. ಶಿವರಾತ್ರಿ ಜಾತ್ರೆಯಲ್ಲಿ ಗದ್ದಲ ಇರುವುದಿಲ್ಲವೇ ಎಂಬ ಪ್ರಶ್ನೆಯೂ ಬರುತ್ತದೆ. ಇರುತ್ತದೆ. ಆದರೆ ಜಾತ್ರೆಗೆ ಬಂದವರು ಗುಹೆಯೊಳಗಿನ ಲಿಂಗಕ್ಕೆ ಕೈಮುಗಿದು ಹೋಗುತ್ತಾರೆಯೇ ಹೊರತು ಮೇಲಕ್ಕೆ ಕಲ್ಲೆಸೆಯುವುದಿಲ್ಲ.

ಕೇಳುವುದು ದೊಡ್ಡದೇನಲ್ಲ. ಹುಟ್ಟು ಇರುವಷ್ಟು ತಿಂಗಳು ಬಂಡೆಯ ಸುತ್ತ ಡ್ರೋನ್, ಬೆಂಕಿ, ಸ್ಪೀಕರ್ ಬಂದ್ ಆಗಲಿ. ಹುಳ ಎದ್ದ ದಿನ ಹಾದಿ ಮುಚ್ಚುವ ಅಧಿಕಾರ ಊರಿನವರೊಬ್ಬರ ಕೈಯಲ್ಲಿರಲಿ, ಅವರಿಗೆ ಸಂಬಳವೂ ಸಿಗಲಿ. ಮೇಲಿನವರಿಗೆ ಫೋನ್ ಮಾಡಿ ಅನುಮತಿ ಕೇಳುವಷ್ಟು ಹೊತ್ತು ಜೇನು ಕಾಯುವುದಿಲ್ಲ. ವರ್ಷದ ಕೊನೆಯ ರಜೆಗಳಲ್ಲಿ, ಶಿವರಾತ್ರಿಯಲ್ಲಿ, ಅಲರ್ಜಿ ವಿಪರೀತಕ್ಕೆ ಹೋದಾಗ ಜೀವ ಉಳಿಸುವ ಅಡ್ರಿನಲಿನ್ ಇಂಜೆಕ್ಷನ್ ಕೊಡಬಲ್ಲ ಸಿಬ್ಬಂದಿಯಿರುವ ಆಂಬುಲೆನ್ಸ್ ಒಂದು ವಾಹನ ನಿಲ್ದಾಣದಲ್ಲಿ ನಿಲ್ಲಲಿ. ಈ ಸಲದ ಮಳೆಗಾಲ ಮುಗಿಯುವುದರೊಳಗೆ ಇಷ್ಟನ್ನು ಸಂಬಂಧಪಟ್ಟವರು ಮಾಡಿದರೆ ಮುಂದಿನ ಹಂಗಾಮಿಗೆ ಉಪಯೋಗವಾದೀತು.

– ಒಬ್ಬ ಓದುಗ, ಕುಮಟಾ